ಮಲಗಿದವರಿಗೆ ಸುದ್ದಿ ಹೇಳುವವನು

ಅಪ್ಪ ಕುಮಾರಪಟ್ಟಣದ ಕಾರ್ಖಾನೆಗೆ ಕೆಲಸಕ್ಕೆ ಹೋಗುತ್ತಿದ್ದ. ನಮ್ಮ ಮನೆ ರಾಣೆಬೆನ್ನೂರಿನಲ್ಲಿತ್ತು. ಒಂದು ದಿನ ಅಪ್ಪ ಯಾರೋ ರದ್ದಿಗೆ ಹಾಕಲು ತೆಗೆದಿಟ್ಟಿದ್ದ ಹಳೆಯ ಮಾಸಪತ್ರಿಕೆಗಳ ಕಟ್ಟೊಂದನ್ನು ಸೈಕಲ್ಲಿನ ಹಿಂದೆ ಕಟ್ಟಿಕೊಂಡು ಬಂದ. ಓದುವ ಚಟ ಅಪ್ಪನಿಗಿರಲಿಲ್ಲ, ಅಕ್ಕನಿಗಿತ್ತು. ಅವಳು ಹತ್ತನೆಯ ಇಯತ್ತೆಗೆ ಶಾಲೆ ಬಿಟ್ಟು ಹತ್ತಿಯ ಹೊಲಕ್ಕೆ ಕ್ರಾಸಿಂಗ್ ಕೆಲಸಕ್ಕೆ ಹೋಗುತ್ತಿದ್ದಳು. ಗಂಡು ಹೂವು ಕಿತ್ತು ಹೆಣ್ಣು ಹೂವಿಗೆ ಒಂದೊಂದಾಗಿ ಮುಟ್ಟಿಸಿ ಬೀಜ ಕಟ್ಟಿಸುವ ಕೆಲಸ ಅದು. ಮಧ್ಯಾಹ್ನ ಮನೆಗೆ ಬಂದು ಉಂಡು, ಗೋಡೆಗೆ ಒರಗಿ ಕಾಲು ಚಾಚಿ ಗಟ್ಟಿಯಾಗಿ ಓದುತ್ತಿದ್ದಳು. ನಾನು ಪಕ್ಕದಲ್ಲಿ ಬಿದ್ದುಕೊಂಡು ಕೇಳುತ್ತಿದ್ದೆ.

ಆ ಕಟ್ಟಿನಲ್ಲಿದ್ದ ಒಂದು ಕಥೆಯ ಮೊದಲ ಹಾಳೆ ಹರಿದುಹೋಗಿತ್ತು. ಹೀಗಾಗಿ ಅದರ ಹೆಸರಾಗಲಿ, ಬರೆದವರು ಯಾರೆಂಬುದಾಗಲಿ ನಮಗೆ ಗೊತ್ತಾಗಲಿಲ್ಲ. ದೂರದ ನಕ್ಷತ್ರವೊಂದಕ್ಕೆ ಹೊರಟ ಹಡಗು. ಒಳಗಿರುವವರೆಲ್ಲ ಗಾಜಿನ ಪೆಟ್ಟಿಗೆಗಳಲ್ಲಿ ಹಿಮದಂಥ ತಂಪಿನಲ್ಲಿ ಮಲಗಿದ್ದಾರೆ. ಊರು ಮುಟ್ಟುವವರೆಗೂ ಅವರಿಗೆ ಎಚ್ಚರವಿಲ್ಲ, ವಯಸ್ಸೂ ಆಗುವುದಿಲ್ಲ. ಎಚ್ಚರವಿರುವವನು ಒಬ್ಬನೇ. ಗಾಜಿನ ಮೇಲೆ ಕೂಡುವ ಹಿಮವನ್ನು ಬಟ್ಟೆಯಿಂದ ಒರೆಸುವುದು ಅವನ ಕೆಲಸ. ಒರೆಸುತ್ತ ಒರೆಸುತ್ತ ಅವನು ಮಲಗಿದವರೊಂದಿಗೆ ಮಾತಾಡಲು ಶುರುಮಾಡುತ್ತಾನೆ. ದೊಡ್ಡ ಮಾತೇನಲ್ಲ. ಇವತ್ತು ಎರಡನೆಯ ಪಂಪು ಸದ್ದು ಮಾಡಿತು, ಎಣ್ಣೆ ಹಾಕಿದೆ. ಸಾರಿಗೆ ಉಪ್ಪು ಹೆಚ್ಚಾಯಿತು. ಮೊಣಕಾಲು ನೋಯುತ್ತಿದೆ. ಹೀಗೆ ಹೇಳುತ್ತಲೇ ಅವನಿಗೆ ಮುಪ್ಪು ಬರುತ್ತದೆ. ಹಡಗು ಊರು ಮುಟ್ಟುತ್ತದೆ, ಮಲಗಿದವರು ಏಳುತ್ತಾರೆ. ಅವನು ಒಬ್ಬೊಬ್ಬರನ್ನೇ ಕೇಳುತ್ತಾನೆ, ನಿಮಗೆ ಏನಾದರೂ ಕೇಳಿಸುತ್ತಿತ್ತೇ ಎಂದು. ಎಲ್ಲರೂ ಇಲ್ಲ ಎನ್ನುತ್ತಾರೆ. ಕಣ್ಣು ಮುಚ್ಚಿ ತೆರೆದ ಹಾಗಾಯಿತು ಎನ್ನುತ್ತಾರೆ. ಮುದುಕ ಅವರ ಕೈಗೆ ಬಿಸಿನೀರು ಕೊಟ್ಟು, ‘ಒಳ್ಳೆಯ ನಿದ್ದೆಯಾಯಿತು ಹಾಗಾದರೆ’ ಎಂದು ಹೇಳಿ ಅವರ ಹೊದಿಕೆಗಳನ್ನು ಮಡಚತೊಡಗುತ್ತಾನೆ. ಕಥೆ ಅಲ್ಲಿಗೆ ಮುಗಿಯುತ್ತದೆ.

ನನಗೆ ಸಿಟ್ಟು ಬಂತು.

"ಒಬ್ಬರಿಗರ ಕೇಳಿಸಬೇಕಿತ್ತು" ಎಂದೆ.

"ಕೇಳಿಸಿದ್ರ ಅದು ಕಥಿ ಆಗತಿದ್ದಿಲ್ಲ" ಎಂದಳು ಅಕ್ಕ.

"ಮತ್ತ ಅಷ್ಟ್ ವರ್ಷ ಯಾಕ ಹೇಳಿದಾ ಅಂವ?"

"ಅವರಿಗೆ ಕೇಳಲಿ ಅಂತ ಹೇಳಿಲ್ಲೋ. ಹೇಳಲಾರದ ಇರಾಕ ಆಗಲಿಲ್ಲ, ಹೇಳಿದ. ಅಷ್ಟ."

ಈ ಜಗಳ ವರ್ಷಗಟ್ಟಲೆ ನಡೆಯಿತು. ನಾನು ಯಾರಿಗಾದರೂ ಒಬ್ಬರಿಗೆ ಕೇಳಿಸಲೇಬೇಕಿತ್ತು ಎನ್ನುವವನು, ಅವಳು ಇಲ್ಲವೇ ಇಲ್ಲ ಎನ್ನುವವಳು. ಮುದುಕನ ಆ ಕೊನೆಯ ಮಾತು ಮಾತ್ರ ಮನೆಯ ಮಾತಾಗಿಬಿಟ್ಟಿತು. ಅಪ್ಪ ರಾತ್ರಿ ಪಾಳಿ ಮುಗಿಸಿ ಬಂದು ಹಗಲೆಲ್ಲ ಮಲಗಿ ಎದ್ದರೆ ಅಕ್ಕ ಚಹಾ ಕೊಡುತ್ತ, "ಒಳ್ಳೆ ನಿದ್ದಿ ಆತು ಹಂಗಾರ" ಎನ್ನುತ್ತಿದ್ದಳು. ನಾವಿಬ್ಬರೂ ನಗುತ್ತಿದ್ದೆವು. ಯಾಕೆ ನಗುತ್ತಿದ್ದೇವೆಂದು ಅಪ್ಪನಿಗೆ ಕೊನೆಯವರೆಗೂ ತಿಳಿಯಲಿಲ್ಲ. ಆ ಪತ್ರಿಕೆಗಳು ಯಾವಾಗಲೋ ಮತ್ತೆ ರದ್ದಿಗೇ ಹೋದವು.

ನಾನು ಐಟಿಐ ಸೇರುವಾಗ ಫ್ರಿಜ್ ಮತ್ತು ಎಸಿ ರಿಪೇರಿಯ ಟ್ರೇಡ್ ತೆಗೆದುಕೊಂಡೆ. ಯಾಕೆ ಎಂದು ಯಾರಾದರೂ ಕೇಳಿದರೆ ಕೆಲಸ ಬೇಗ ಸಿಗುತ್ತದೆ ಎನ್ನುತ್ತಿದ್ದೆ. ಅಕ್ಕ ಮಾತ್ರ ನಂಬಲಿಲ್ಲ. "ನಿನಗ ಆ ಮುದುಕನ ಹುಚ್ಚು ಹಿಡದೈತಿ" ಎಂದಳು. ಅವಳು ಹೇಳಿದ್ದು ಸುಳ್ಳಲ್ಲ. ಬ್ಯಾಡಗಿಯ ಒಂದು ಕೋಲ್ಡ್ ಸ್ಟೋರೇಜಿನಲ್ಲಿ ಮಷೀನ್ ಆಪರೇಟರನಾಗಿ ಸೇರಿದೆ. ಇವತ್ತಿಗೂ ಅಲ್ಲೇ ಇದ್ದೇನೆ. ಮೆಣಸಿನಕಾಯಿಯ ಚೀಲಗಳು ಚೇಂಬರಿನಲ್ಲಿ ಸೂರಿನ ತನಕ ಪೇರಿಸಿಕೊಂಡು ಕತ್ತಲೆಯಲ್ಲಿ ಮಲಗಿರುತ್ತವೆ. ಹೊರಗೆ ಪೇಟೆಯ ದಿನ ರಸ್ತೆಯಲ್ಲಿ ನಡೆಯುವವರಿಗೂ ಕೆಮ್ಮು ಬರುತ್ತದೆ. ಒಳಗಿನ ತಂಪಿನಲ್ಲಿ ಅದೇ ಕಾಯಿಯ ಘಾಟು ಸತ್ತಂತಿರುತ್ತದೆ. ಮೊದಮೊದಲು ಪೈಪುಗಳ ಮೇಲಿನ ಹಿಮ ನೋಡಿದಾಗೆಲ್ಲ ಕಥೆ ನೆನಪಾಗುತ್ತಿತ್ತು. ಆಮೇಲೆ ಆಗಲಿಲ್ಲ. ದಿನಾ ನೋಡುವುದು ನೋಡಿದಂತಾಗುವುದಿಲ್ಲ.

ಅದು ಹೆಸರಾಂತ ಕಥೆಯೆಂದು ಗೊತ್ತಾದದ್ದು ಅಲ್ಲೇ. ಹೊಸ ಕಂಪ್ರೆಸರ್ ಕೂಡಿಸಲು ಪುಣೆಯಿಂದ ಒಬ್ಬ ಎಂಜಿನಿಯರು ಬಂದಿದ್ದರು. ಚಹಾ ಕುಡಿಯುವಾಗ ನನ್ನ ಹರಕು ಹಿಂದಿಯಲ್ಲಿ ಸುಮ್ಮನೆ ಆ ಕಥೆ ಹೇಳತೊಡಗಿದೆ. ಅರ್ಧಕ್ಕೇ ತಡೆದು ಉಳಿದದ್ದನ್ನು ಅವರೇ ಹೇಳಿದರು. ಶಾಲೆಯಲ್ಲಿದ್ದಾಗ ಮರಾಠಿಯಲ್ಲಿ ಓದಿದ್ದರಂತೆ. ಬಹಳ ಹಳೆಯ ಕಥೆ, ಎಷ್ಟೋ ಭಾಷೆಗಳಿಗೆ ಹೋಗಿದೆ ಎಂದರು. ಅವರ ನೆನಪಿನಲ್ಲಿ ಮುದುಕ ಹೊದಿಕೆ ಮಡಚುವುದಿಲ್ಲ, ಎದ್ದವರ ಕಾಲಿಗೆ ಕಾಲುಚೀಲ ಹಾಕುತ್ತಾನೆ. ಫೋನಿನಲ್ಲಿ ಹೇಳಿದಾಗ ಅಕ್ಕ ಕೇಳಿದ್ದು ಒಂದೇ: "ಅವರ ಕಥಿಯಾಗೂ ಯಾರೂ ಕೇಳಿಸೇತಿ ಅನ್ನಲಿಲ್ಲ ಹೌದಿಲ್ಲೋ?" ಇಲ್ಲ ಎಂದೆ. "ಮತ್ತ" ಎಂದು ಫೋನಿಟ್ಟಳು.

ಅಕ್ಕ ಮದುವೆಯಾಗಲಿಲ್ಲ. ಅಪ್ಪ, ಅವ್ವ ಹೋದ ಮೇಲೆ ರಾಣೆಬೆನ್ನೂರಿನ ಮನೆಯಲ್ಲಿ ಅವಳೊಬ್ಬಳೇ ಇದ್ದಳು. ಅಷ್ಟರಲ್ಲಿ ಕ್ರಾಸಿಂಗ್ ಹೆಂಗಸರ ಒಂದು ಗುಂಪನ್ನು ಕಟ್ಟಿಕೊಂಡು ಹೊಲದಿಂದ ಹೊಲಕ್ಕೆ ಕರೆದೊಯ್ಯುವವಳಾಗಿದ್ದಳು. ಹತ್ತಿ ಹೂ ಬಿಡುವ ಕಾಲದಲ್ಲಿ ಅವಳಿಗೆ ಮಾತಾಡಲೂ ಪುರುಸೊತ್ತಿರುತ್ತಿರಲಿಲ್ಲ.

ಮೂರು ವರ್ಷದ ಹಿಂದೆ, ಅಂಥದ್ದೇ ದಿನಗಳಲ್ಲಿ, ಬೆಳಿಗ್ಗೆ ಟಂಟಂ ಆಟೋದಿಂದ ಇಳಿಯುವಾಗ ಅವಳಿಗೆ ಒಂದು ಬೈಕು ಬಡಿಯಿತು. ತಲೆ ರಸ್ತೆಗೆ ಅಪ್ಪಳಿಸಿತು. ಅವಳ ಗೆಳತಿ, ಅದೇ ಗುಂಪಿನ ಹೆಂಗಸು, ನನಗೆ ಫೋನು ಮಾಡಿದಳು. ಆಗ ನಾನು ಚೇಂಬರಿನ ಬಾಗಿಲ ಬಳಿ ಇದ್ದೆ. ಕೇಳಿಸಿಕೊಂಡು, ಬಾಗಿಲು ಹಾಕಿ, ಚಿಲಕ ಜಗ್ಗಿ ನೋಡಿ, ಆಮೇಲೆ ಹೊರಟೆ. ಆ ಹೊತ್ತಿನಲ್ಲಿ ಏನನಿಸಿತು ಎಂದು ನೆನಪಿಸಿಕೊಳ್ಳಲು ಹೋದರೆ ಆ ಚಿಲಕದ ತಂಪೊಂದೇ ಸಿಗುತ್ತದೆ.

ಹುಬ್ಬಳ್ಳಿಯಲ್ಲಿ ತಲೆಯ ಆಪರೇಶನ್ ಆಯಿತು. ಜೀವಕ್ಕೆ ಸದ್ಯ ಅಪಾಯವಿಲ್ಲ, ಎಚ್ಚರ ಯಾವಾಗ ಬರುತ್ತದೆಂದು ಹೇಳಲಾಗುವುದಿಲ್ಲ ಎಂದರು. ಕೆಲವು ದಿನಗಳ ಮೇಲೆ ಹಾವೇರಿಯ ಒಂದು ಆಸ್ಪತ್ರೆಗೆ ತಂದೆವು. ಅಲ್ಲಿಗಾದರೆ ನಾನು ಡ್ಯೂಟಿ ಮುಗಿಸಿಕೊಂಡು ಮೋಟೆಬೆನ್ನೂರಿನ ಮೇಲಿಂದ ಬೈಕಿನಲ್ಲಿ ದಿನಾ ಹೋಗಿಬರಬಹುದಿತ್ತು. ಹಗಲು ನನ್ನ ಹೆಂಡತಿ ಅವಳ ಹತ್ತಿರ ಇರುತ್ತಿದ್ದಳು.

ಅಕ್ಕನ ಕೂದಲು ಬೋಳಿಸಿದ್ದರು. ಮೂಗಿನಲ್ಲಿ ನಳಿಕೆ. ಮುಖ ಬಾತು ಯಾರದೋ ಮುಖದಂತಾಗಿತ್ತು. ಹೆಂಡತಿ ಅವಳ ಕೈ ಹಿಡಿದು ಅಳುತ್ತಿದ್ದಳು. ಹೊಲದ ಹೆಂಗಸರು ಬಂದು ಅತ್ತು ಹೋಗುತ್ತಿದ್ದರು. ನಾನು ಸ್ಟೂಲಿನ ಮೇಲೆ ಕೂತು ಸಲೈನಿನ ಹನಿ ಬೀಳುವುದನ್ನು ನೋಡುತ್ತಿದ್ದೆ.

"ನಿಮಗ ಅಳು ಬರಂಗಿಲ್ಲೇನ್ರಿ?" ಎಂದು ಒಂದು ದಿನ ಹೆಂಡತಿ ಕೇಳಿದಳು. ಬೈಯಲು ಕೇಳಿದ್ದಲ್ಲ, ಗಾಬರಿಯಾಗಿ ಕೇಳಿದ್ದು.

"ಗೊತ್ತಿಲ್ಲ" ಎಂದೆ. ನಿಜವಾಗಿಯೂ ಗೊತ್ತಿರಲಿಲ್ಲ. ಬಹಳ ಹೊತ್ತು ಚೇಂಬರಿನಲ್ಲಿ ನಿಂತರೆ ಬೆರಳು ಮೊದಲು ನೋಯುತ್ತವೆ, ಆಮೇಲೆ ನೋವೂ ಇರುವುದಿಲ್ಲ, ಬೆರಳೂ ಇಲ್ಲವೆನಿಸುತ್ತದೆ. ಹಾಗೆ ಆಗಿತ್ತು. ಊಟ ಮಾಡುತ್ತಿದ್ದೆ, ನಿದ್ದೆ ಬರುತ್ತಿತ್ತು, ಕೆಲಸ ತಪ್ಪುತ್ತಿರಲಿಲ್ಲ.

ಆ ವಾರ್ಡಿನ ನರ್ಸಮ್ಮ ಹಾವೇರಿಯವರೇ, ನಡುವಯಸ್ಸಿನವರು. ಅವರು ನನಗೆ, "ಸುಮ್ಮ ಯಾಕ ಕುಂತೀರಿ ಅಣ್ಣಾರ? ಮಾತಾಡಸ್ರಿ. ಇಂಥವರಿಗೆ ಕೇಳಸ್ತೈತಿ ಅಂತಾರ" ಎಂದರು.

"ಖರೇನ ಕೇಳಸ್ತೈತೇನ್ರಿ?"

ಅವರು ಬಾಟಲಿ ಬದಲಿಸುತ್ತ, "ಹಂಗಂತಾರ್ರಿ" ಎಂದಷ್ಟೇ ಹೇಳಿದರು.

ಏನು ಮಾತಾಡುವುದು? ‘ಅಕ್ಕಾ, ಏಳು’ ಎನ್ನಲು ಬಾಯಿ ಬರಲಿಲ್ಲ. ದೇವರಗುಡ್ಡಕ್ಕೆ ಹರಕೆ ಹೊತ್ತಿದ್ದೇವೆ ಎಂದು ಹೆಂಡತಿ ಆಗಲೇ ಹೇಳಿದ್ದಳು. ಕೊನೆಗೆ ನನ್ನ ಬಾಯಿಂದ ಬಂದದ್ದು ಇಷ್ಟು: "ಅಕ್ಕಾ, ಇವತ್ತ ಕಂಪ್ರೆಸರಿನ ಬೆಲ್ಟ್ ಕಡೀತು. ಹೊಸಾದು ಹಾಕಿದೆ."

ಹೇಳಿದ ಮೇಲೆಯೇ ನನಗೆ ತಿಳಿದದ್ದು, ಇದು ಆ ಮುದುಕನ ಮಾತು ಎಂದು. ನಗು ಬರಲಿಲ್ಲ, ಬೇಸರವೂ ಆಗಲಿಲ್ಲ. ಹೀಗೆ ಮಾಡಬಹುದು ಅನಿಸಿತು, ಅಷ್ಟೇ. ಮರುದಿನ ಚೇಂಬರ್ ಖಾಲಿಯಾದ ಸುದ್ದಿ ಹೇಳಿದೆ. ಅದರ ಮರುದಿನ ಅಮೋನಿಯಾ ಸೋರಿ ಹಮಾಲರೆಲ್ಲ ಮೂಗಿಗೆ ಹಸಿ ಟವೆಲು ಹಿಡಿದು ಓಡಿದ್ದನ್ನು, ಯಾರಿಗೂ ಏನೂ ಆಗದೆ ನಾನು ವಾಲ್ವ್ ಬಂದ್ ಮಾಡಿದ್ದನ್ನು ಹೇಳಿದೆ. ದಾರಿಯಲ್ಲಿ ಮಳೆ ಬಂತು, ಬಸ್ ಸ್ಟ್ಯಾಂಡಿನಲ್ಲಿ ನಿಂತೆ. ರೊಟ್ಟಿ ಒಣಗಿತ್ತು. ಅಂಗಿಯ ಗುಂಡಿ ಹೋಗಿದೆ. ಹೇಳುತ್ತ ಅವಳ ಕಣ್ಣಿನ ಮೂಲೆಯನ್ನು ಒದ್ದೆ ಅರಿವೆಯಿಂದ ಒರೆಸುತ್ತಿದ್ದೆ, ನರ್ಸಮ್ಮ ತೋರಿಸಿಕೊಟ್ಟಿದ್ದರು.

ಬೇರೆ ರೋಗಿಗಳ ಮಂದಿ ನನ್ನನ್ನು ವಿಚಿತ್ರವಾಗಿ ನೋಡುತ್ತಿದ್ದರು. ಅವರೆಲ್ಲ ತಮ್ಮವರನ್ನು ಹೆಸರು ಹಿಡಿದು ಕರೆದು, ಬೇಡಿಕೊಂಡು, ದೇವರ ಪ್ರಸಾದ ಹಚ್ಚುತ್ತಿದ್ದರು. ನಾನು ಬೆಲ್ಟು, ವಾಲ್ವು, ಮಳೆ ಎನ್ನುತ್ತಿದ್ದೆ. ಆ ಕಥೆ ಇಲ್ಲದಿದ್ದರೆ ನಾನು ಅಲ್ಲಿಗೆ ದಿನಾ ಹೋಗುತ್ತಿದ್ದೆನೋ ಇಲ್ಲವೋ ಹೇಳಲಾರೆ. ಹೋದರೂ ಗೋಡೆಯ ಹತ್ತಿರ ನಿಂತು ವಾಪಸು ಬರುತ್ತಿದ್ದೆನೇನೋ. ಹಾಸಿಗೆಯ ಪಕ್ಕ ಕೂಡಲು ನನಗೊಂದು ರೀತಿ ಬೇಕಿತ್ತು. ಅದನ್ನು ಯಾವುದೋ ದೇಶದ ಯಾರೋ ಬರೆದಿಟ್ಟಿದ್ದರು.

ದೀಪಾವಳಿಯ ಆಸುಪಾಸಿಗೆ ಅಕ್ಕ ಕಣ್ಣು ತೆರೆದಳು. ನಾನು ಆಗ ಅಲ್ಲಿರಲಿಲ್ಲ. ಕಣ್ಣು ತೆರೆಯುವುದು, ಮುಚ್ಚುವುದು, ಮತ್ತೆ ತೆರೆಯುವುದು, ಹೀಗೆ ಎಷ್ಟೋ ದಿನ ನಡೆಯಿತು. ಸಿನಿಮಾದಲ್ಲಿ ಆಗುವ ಹಾಗೆ ಏನೂ ಆಗಲಿಲ್ಲ. ಒಂದು ಮಧ್ಯಾಹ್ನ ಹೆಂಡತಿಯ ಹತ್ತಿರ "ನೀರ" ಎಂದಳಂತೆ. ಹೆಂಡತಿ ಫೋನಿನಲ್ಲಿ ಅಳುತ್ತ ಹೇಳಿದಳು. ನಾನು ಹೂಂ ಎಂದೆ. ಕೆಲಸ ಮುಗಿಸಿಕೊಂಡೇ ಹೋದೆ.

ಅವಳಿಗೆ ಮಾತು ಒಂದೊಂದಾಗಿ ಬಂತು. ನಾನು ಯಾರೆಂದು ಗೊತ್ತಿತ್ತು, ಹೆಂಡತಿ ಯಾರೆಂದು ಗೊತ್ತಿತ್ತು. ಎಡಗೈ ಸೋತಿತ್ತು. ಡಿಸ್ಚಾರ್ಜಿನ ಹಿಂದಿನ ದಿನ, ದಿಂಬಿಗೆ ಒರಗಿಸಿ ಕೂಡಿಸಿದ ಮೇಲೆ, ನಾನು ಕೇಳಿದೆ.

"ಅಕ್ಕಾ, ಮಲಗಿದ್ದಾಗ ನಿನಗ ಏನರ ಕೇಳಸ್ತಿತ್ತೇನು?"

"ಯಾವಾಗ?"

"ಎಚ್ಚರ ಇದ್ದಿದ್ದಿಲ್ಲಲ್ಲ, ಆವಾಗ. ನಾ ದಿನಾ ಬಂದು ಮಾತಾಡತಿದ್ದೆ."

ಅವಳು ನೆನಪಿಸಿಕೊಳ್ಳಲು ನೋಡಿದಳು. "ಇಲ್ಲೋ. ಏನೂ ಇಲ್ಲ. ಟಂಟಂ ಇಳದದ್ದ ನೆನಪೈತಿ. ಆಮ್ಯಾಲ ಇಲ್ಲೇ ಅದೀನಿ."

ಅದು ನಾನು ನಿರೀಕ್ಷಿಸಿದ ಉತ್ತರವೇ. ಬಿಸಿನೀರಿನ ಲೋಟ ಅವಳ ಬಲಗೈಗೆ ಕೊಟ್ಟು, "ಒಳ್ಳೆ ನಿದ್ದಿ ಆತು ಹಂಗಾರ" ಎಂದೆ. ಹೇಳಿ ಅವಳ ಮುಖ ನೋಡಿದೆ. ಈಗ ನಗುತ್ತಾಳೆ, ನೋಡಿದೆಯಾ ನಾನೇ ಗೆದ್ದೆ ಎನ್ನುತ್ತಾಳೆ ಎಂದು ಕಾಯುತ್ತಿದ್ದೆ.

ಅವಳು ನೀರು ಕುಡಿದು, "ಏನ್ ನಿದ್ದಿಯೋ ಏನೋ. ಮೈಯೆಲ್ಲಾ ನೋಯಾಕತ್ತೈತಿ" ಎಂದಳು.

"ಮುದುಕನ ಕಥಿ ಅಕ್ಕಾ. ಗಾಜಿನ ಪೆಟಗಿ."

"ಯಾವ ಮುದುಕ?"

ಡಾಕ್ಟರು ಮೊದಲೇ ಹೇಳಿದ್ದರು, ಕೆಲವು ನೆನಪು ಹೋಗಿರಬಹುದು, ಕೆಲವು ಮರಳಿ ಬರಬಹುದು ಎಂದು. ಅಪ್ಪ ಸತ್ತದ್ದು ಅವಳಿಗೆ ನೆನಪಿತ್ತು. ಅವ್ವನ ಸೀರೆಗಳ ಬಣ್ಣ ಸಹ ನೆನಪಿತ್ತು. ಆ ಕಥೆ ಹೋಗಿತ್ತು. ನಾನು ಅವಳ ಕೈಯಿಂದ ಲೋಟ ತೆಗೆದುಕೊಂಡು ತೊಳೆಯಲು ಹೊರಗೆ ಹೋದೆ. ನಲ್ಲಿಯ ಕೆಳಗೆ ಬಹಳ ಹೊತ್ತು ತೊಳೆದೆ. ಅಲ್ಲಿಯೂ ಅಳು ಬರಲಿಲ್ಲ. ಆದರೆ ಅಷ್ಟು ದಿನಗಳಲ್ಲಿ ಮೊದಲ ಬಾರಿಗೆ, ಏನೋ ಕಳೆದುಹೋಗಿದೆ ಎಂದು ನನಗೆ ಗೊತ್ತಾಯಿತು.

ಅಕ್ಕನನ್ನು ಬ್ಯಾಡಗಿಗೆ ನಮ್ಮ ಮನೆಗೆ ಕರೆತಂದೆವು. ಸಂಕ್ರಾಂತಿಯ ಹೊತ್ತಿಗೆ ಕೋಲು ಹಿಡಿದು ಅಂಗಳದ ತನಕ ನಡೆಯುತ್ತಿದ್ದಳು. ಆಗ ಮೆಣಸಿನಕಾಯಿಯ ಸುಗ್ಗಿ. ನಮ್ಮ ಓಣಿಯ ಹೆಂಗಸರು ಚೀಲಗಟ್ಟಲೆ ಕಾಯಿ ಸುರುವಿಕೊಂಡು ತೊಟ್ಟು ಬಿಡಿಸುತ್ತಿದ್ದರು. ಅಕ್ಕ ಅವರ ನಡುವೆ ಕೂತು ಒಂದೇ ಕೈಯಲ್ಲಿ, ತೊಟ್ಟನ್ನು ನೆಲಕ್ಕೆ ಒತ್ತಿ ಹಿಡಿದು ಮುರಿಯುತ್ತಿದ್ದಳು. ಒಂದು ರವಿವಾರ ಮಧ್ಯಾಹ್ನ ಅವಳು ತಾನಾಗಿಯೇ ಕೇಳಿದಳು.

"ದವಾಖಾನಿಯಾಗ ಯಾವುದೋ ಮುದುಕನ ಕಥಿ ಅಂತಿದ್ದಿ. ಏನದು?"

ನಾನು ಹೇಳಿದೆ. ಪತ್ರಿಕೆ ಇರಲಿಲ್ಲ, ಅವಳ ದನಿಯಲ್ಲಿ ಕೇಳಿದ್ದು ಮಾತ್ರ ಇತ್ತು. ಅವಳು ಎಲ್ಲಿ ನಿಲ್ಲಿಸುತ್ತಿದ್ದಳೋ ಅಲ್ಲಿ ನಿಲ್ಲಿಸಿ, ಪಂಪು, ಉಪ್ಪು, ಮೊಣಕಾಲು ಎಲ್ಲ ಹೇಳಿ, ಹೊದಿಕೆ ಮಡಚುವಲ್ಲಿಗೆ ಮುಗಿಸಿದೆ. ಅಕ್ಕನ ಕೈ ನಿಂತಿತ್ತು.

"ಆಮ್ಯಾಲ?"

"ಆಮ್ಯಾಲ ಏನೂ ಇಲ್ಲ. ಅಷ್ಟ ಕಥಿ."

"ಅಷ್ಟ್ ಮಂದಿಯೊಳಗ ಒಬ್ಬರರ ಹೂಂ ಕೇಳಿಸ್ತು ಅನಬಾರದಿತ್ತೇನು?" ಅವಳಿಗೆ ಸಿಟ್ಟೇ ಬಂದಿತ್ತು. "ಮುದುಕ ಮನಿಷ್ಯಾ. ಬಾಯಿ ಸವದು ಹೋಗತಿತ್ತೇನು ಅವರದು?"

"ಕೇಳಿಸಲಿಲ್ಲಲ್ಲ ಅಕ್ಕಾ. ಸುಳ್ಳ ಹೇಳಬೇಕಿತ್ತೇನು?"

"ಹೇಳಬೇಕಿತ್ತು!"

"ಹಂಗ ಹೇಳಿದ್ರ ಅದು ಕಥಿ ಆಗತಿದ್ದಿಲ್ಲ" ಎಂದೆ. ಅವಳ ಮಾತು ನನ್ನ ಬಾಯಲ್ಲಿತ್ತು. ನಾನು ಅವಳ ಪರವಾಗಿ ಅವಳೊಂದಿಗೇ ಜಗಳವಾಡುತ್ತಿದ್ದೆ. "ಅವರಿಗೆ ಕೇಳಲಿ ಅಂತ ಹೇಳಿದ್ದಲ್ಲ ಅಂವ. ಹೇಳಲಾರದ ಇರಾಕ ಆಗಲಿಲ್ಲ, ಹೇಳಿದ."

"ಯಾರ ಹೇಳಿದ್ರು ನಿನಗ ಇದನ್ನ?"

"ನೀನ."

ಅವಳು ನಂಬಲಿಲ್ಲ. "ನಾ ಅಷ್ಟ್ ಕಲ್ಲೆದಿಯಾಕಿ ಅಲ್ಲ" ಎಂದಳು. ಹೆಂಗಸರು ನಕ್ಕರು.

ಎರಡು ಮೂರು ದಿನ ಕಳೆದಿರಬಹುದು. ನಾನು ಕೆಲಸಕ್ಕೆ ಹೊರಟು ಬೈಕು ಹೊರಗೆ ತೆಗೆಯುತ್ತಿದ್ದೆ. ಅಕ್ಕ ಕಟ್ಟೆಯ ಮೇಲೆ ಬಿಸಿಲಿಗೆ ಕೂತಿದ್ದಳು.

"ತಮ್ಮಾ, ಇಲ್ಲಿ ಬಾ" ಎಂದು ಕರೆದಳು. ಹತ್ತಿರ ಹೋದೆ. "ನಿನಗ ಹೇಳಿದ್ದಿಲ್ಲ. ದವಾಖಾನಿಯಾಗ ನೀ ಮಾತಾಡಿದ್ದು ನನಗ ಕೇಳಸ್ತಿತ್ತು. ಈಗ ನೆನಪಾಗಾಕತ್ತೈತಿ."

"ಏನ್ ಕೇಳಿಸ್ತು?"

"ಅದ... ಪಂಪಿನ ಸುದ್ದಿ ಹೇಳತಿದ್ದಿ. ಪಂಪ್ ಸಪ್ಪಳಾ ಮಾಡತೈತಿ, ಎಣ್ಣಿ ಹಾಕೇನಿ ಅಂತಿದ್ದಿ."

ನಾನು ಆಸ್ಪತ್ರೆಯಲ್ಲಿ ಪಂಪಿನ ಸುದ್ದಿ ಒಂದು ದಿನವೂ ಹೇಳಿರಲಿಲ್ಲ. ಪಂಪು ಇದ್ದದ್ದು ಕಥೆಯಲ್ಲಿ. ಅವಳು ನನ್ನ ಮುಖವನ್ನೇ ನೋಡುತ್ತಿದ್ದಳು. ಸುಳ್ಳು ಹೇಳಿ ಅಭ್ಯಾಸವಿಲ್ಲದ ಮುಖ ಅವಳದು, ಕಿವಿಯ ತುದಿ ಕೆಂಪಾಗಿತ್ತು.

"ಹೂಂ, ಹೇಳತಿದ್ದೆ" ಎಂದೆ.

"ನೋಡು ಮತ್ತ" ಎಂದಳು.

ಬೈಕು ಶುರು ಮಾಡಿಕೊಂಡು ಹೋದೆ. ಕೋಲ್ಡ್ ಸ್ಟೋರೇಜ್ ಮುಟ್ಟುವ ತನಕ ನನಗೆ ಸಂತೋಷವಾಯಿತೋ ದುಃಖವಾಯಿತೋ ಗೊತ್ತಾಗಲಿಲ್ಲ. ಜೋಮು ಹಿಡಿದ ಕಾಲನ್ನು ಊರಿದಾಗ ಚುಚ್ಚುತ್ತದಲ್ಲ, ಹಾಗೆ ಎದೆಯಲ್ಲಿ ಒಂದಿಷ್ಟು ಹೊತ್ತು ಚುಚ್ಚಿತು. ಆಮೇಲೆ ನಿಂತಿತು. ಆ ವಿಷಯ ನಾವಿಬ್ಬರೂ ಮತ್ತೆ ಎತ್ತಲಿಲ್ಲ.

ಕಥೆ ಮಾತ್ರ ಓಣಿಯಲ್ಲಿ ಉಳಿಯಿತು. ಅಕ್ಕ ಅದನ್ನು ತೊಟ್ಟು ಬಿಡಿಸುವವರಿಗೆ ತನ್ನ ರೀತಿಯಲ್ಲಿ ಹೇಳತೊಡಗಿದಳು. ಅವಳ ಕಥೆಯಲ್ಲಿ ಮುದುಕ ಹೋಗಿ ಮುದುಕಿ ಬಂದಳು. ಹಡಗು ಮೆಣಸಿನಕಾಯಿ ಇಡುವಂಥ ದೊಡ್ಡ ತಂಪಿನ ಮನೆಯಾಯಿತು. ಕೊನೆಗೆ ಒಬ್ಬ ಹುಡುಗಿ ಎದ್ದು, ‘ಅಜ್ಜೀ, ಸಾರಿಗೆ ಉಪ್ಪು ಹೆಚ್ಚಾಗಿತ್ತಲ್ಲ’ ಎಂದು ಕೇಳುತ್ತಾಳೆ. ಹೆಂಗಸರಿಗೆ ಆ ಜಾಗ ಬಹಳ ಇಷ್ಟ. ಮತ್ತೊಮ್ಮೆ ಹೇಳು ಎನ್ನುತ್ತಾರೆ. ಚಿಕ್ಕವನಿದ್ದಾಗ ನನಗೆ ಬೇಕಾಗಿದ್ದ ಕೊನೆ ಅದೇ. ಈಗ ಕೇಳಿದರೆ ಸಪ್ಪೆಯೆನಿಸುತ್ತದೆ. ಹಾಗೆಂದು ಅವಳಿಗೆ ಹೇಳಿಲ್ಲ.

ಮುಂದಿನ ವರ್ಷ ಹತ್ತಿ ಹೂ ಬಿಡುವಾಗ ಅಕ್ಕ ರಾಣೆಬೆನ್ನೂರಿಗೆ ಹೋಗುತ್ತೇನೆಂದು ಹಟ ಹಿಡಿದಳು. ಹೆಂಡತಿ ಬೇಡವೆಂದಳು, ಡಾಕ್ಟರು ಹೋಗಲಿ ಬಿಡಿ ಎಂದರು. ಬೈಕಿನ ಹಿಂದೆ ಕೂಡಿಸಿಕೊಂಡು ಮುಂಜಾನೆಯೇ ಕರೆದುಕೊಂಡು ಹೋದೆ. ಹೊಲದ ತುಂಬ ಹೆಂಗಸರು. ಅವಳನ್ನು ನೋಡಿ ಕೆಲಸ ಬಿಟ್ಟು ಬಂದು ಸುತ್ತ ನಿಂತರು. ಫೋನು ಮಾಡಿದ್ದ ಆ ಗೆಳತಿ ಅವಳ ಬೋಳಿಸಿ ಮತ್ತೆ ಬೆಳೆದ ಗಿಡ್ಡ ಕೂದಲನ್ನು ಮುಟ್ಟಿ ಮುಟ್ಟಿ ನೋಡಿದಳು.

ಅಕ್ಕ ಮಾತಿಗೆ ನಿಲ್ಲಲಿಲ್ಲ. ಸಾಲಿನೊಳಗೆ ನಡೆದು ಒಂದು ಗಿಡದ ಮುಂದೆ ನಿಂತಳು. ಎಡಗೈಯಲ್ಲಿ ಹೆಣ್ಣು ಹೂವನ್ನು ಹಿಡಿದು ಬಲಗೈಯಿಂದ ಗಂಡು ಹೂವನ್ನು ಸವರಬೇಕು. ಎಡಗೈ ಏಳಲಿಲ್ಲ. ಎರಡು ಸಲ ಎತ್ತಲು ನೋಡಿದಳು. ಮೂರನೆಯ ಸಲ ಗೆಳತಿ ಬಂದು ಟೊಂಗೆಯನ್ನು ಬಗ್ಗಿಸಿ ಹೂವನ್ನು ಹಿಡಿದುಕೊಂಡಳು. ಅಕ್ಕ ಸವರಿದಳು. ಇನ್ನೊಂದು ಹೂವಿಗೆ ಹೋದರು.

ನಾನು ಬದುವಿನಿಂದ ಇಳಿದು ಹತ್ತಿರ ಹೋಗಿ ನಿಂತೆ, ಬಿದ್ದಾಳು ಎಂದು.

"ಅಲ್ಲೇನ್ ನಿಂತಿ? ಹೂವಿನ ಮ್ಯಾಲ ನೆರಳ ಬೀಳಾಕತ್ತೈತಿ" ಎಂದಳು ಅಕ್ಕ, ತಲೆಯೆತ್ತದೆ. "ಆಚೆ ಸರಿ."

ಸರಿದು ನಿಂತೆ.